ಎಕ್ಸ್‌ಟೆನ್ಶನ್ ಡೀಬಗ್ ಮಾಡುವಾಗ ಟೈಮ್‌ಔಟ್ ತಡೆಯಲು: ಕ್ರೋಮ್ ಮೇಲೋ, ಫೈರ್‌ಫಾಕ್ಸ್ ಮೇಲೋ?

ಕಲಬುರಗಿಯ ಕಪನೂರಿನ ಒಂದು ಬೇಳೆ ಮಿಲ್ಲಿನಲ್ಲಿ ಲಾರಿ ಕಾಟಾದ ತೂಕವನ್ನು ಬ್ರೌಸರ್ ಎಕ್ಸ್‌ಟೆನ್ಶನ್ (ಬ್ರೌಸರ್‌ಗೆ ಸೇರಿಸುವ ಪುಟ್ಟ ಪ್ರೋಗ್ರಾಂ) ಓದಿ ವೆಬ್ ಆ್ಯಪ್‌ಗೆ ಕೊಡುತ್ತದೆ. ಮೊದಲು ತೊಗರಿ ತುಂಬಿದ ಲಾರಿ, ಮಾಲು ಇಳಿದ ಮೇಲೆ ಖಾಲಿ ಲಾರಿ. ಇವೆರಡರ ವ್ಯತ್ಯಾಸದ ಮೇಲೆಯೇ ರೈತನಿಗೆ ರೊಕ್ಕ ಸಿಗುವುದು. “ಸರ್, ಮೊದಲಿನ ತೂಕನೇ ಹೋಗಿಬಿಟ್ಟದ ನೋಡ್ರಿ” ಎಂದು ಗುಮಾಸ್ತರು ಫೋನ್ ಮಾಡಿದ ಮೇಲೆ ಡೀಬಗ್ ಮಾಡಲು, ಅಂದರೆ ದೋಷ ಹುಡುಕಿ ಸರಿಪಡಿಸಲು, ಈ ಕೋಡ್ ನನ್ನ ಕೈಗೆ ಬಂತು.

ಕಾರಣ ಸರಳ. ಮ್ಯಾನಿಫೆಸ್ಟ್ ವಿ3 (ಎಕ್ಸ್‌ಟೆನ್ಶನ್‌ಗಳ ಈಗಿನ ಮಾದರಿ) ಎಕ್ಸ್‌ಟೆನ್ಶನ್ನಿನ ಸರ್ವಿಸ್ ವರ್ಕರ್, ಅಂದರೆ ಹಿನ್ನೆಲೆಯಲ್ಲಿ ಓಡುವ ಭಾಗ, 30 ಸೆಕೆಂಡ್ ಸುಮ್ಮನಿದ್ದರೆ ಕ್ರೋಮ್ ಅದನ್ನು ನಿಲ್ಲಿಸುತ್ತದೆ. ಈ ಗಡುವೇ ಟೈಮ್‌ಔಟ್. ವೇರಿಯಬಲ್‌ನಲ್ಲಿ ಇಟ್ಟದ್ದೆಲ್ಲ ಅದರ ಜೊತೆಗೇ ಅಳಿಯುತ್ತದೆ. ಫೆಚ್‌ಗೆ (ಸರ್ವರ್‌ಗೆ ಕಳಿಸಿದ ಕೋರಿಕೆಗೆ) ಉತ್ತರ ಬರಲು 30 ಸೆಕೆಂಡ್ ಮೀರಿದರೂ ಹಾಗೆಯೇ. ಹಾಗಾಗಿ ಸರ್ವರ್ ಕಡೆ ಬ್ರೇಕ್‌ಪಾಯಿಂಟ್ (ಕೋಡನ್ನು ಒಂದು ಸಾಲಿನಲ್ಲಿ ತಡೆದು ನಿಲ್ಲಿಸುವ ಗುರುತು) ಹಾಕಿ ಕೂತರೆ ಇತ್ತ ವರ್ಕರ್ ಸತ್ತಿರುತ್ತದೆ.

ಕ್ರೋಮ್‌ನಲ್ಲಿ ಎಲ್ಲಕ್ಕಿಂತ ಸುಲಭದ ದಾರಿ, ಎಕ್ಸ್‌ಟೆನ್ಶನ್ ಪುಟದಿಂದ ಆ ವರ್ಕರ್‌ನ ಡೆವ್‌ಟೂಲ್ಸ್ (ಕೋಡ್ ಪರೀಕ್ಷಿಸುವ ಕಿಟಕಿ) ತೆರೆದಿಡುವುದು. ಅದು ತೆರೆದಿರುವವರೆಗೆ ವರ್ಕರ್ ಸಾಯುವುದಿಲ್ಲ. ಒಂದೊಂದೇ ಸಾಲು ನಡೆಸಿ ನೋಡಲು ನನಗೆ ಇದೇ ಇಷ್ಟ. ಆದರೆ ಹುಡುಕುತ್ತಿರುವ ದೋಷವೇ ಟೈಮ್‌ಔಟ್‌ನಿಂದ ಹುಟ್ಟಿದ್ದಾದರೆ, ಈ ಕಿಟಕಿ ತೆರೆದಿದ್ದಷ್ಟು ಹೊತ್ತೂ ಅದು ಕಾಣಿಸಿಕೊಳ್ಳುವುದಿಲ್ಲ. ನಮ್ಮ ಟೇಬಲ್ ಮೇಲೆ ಎಲ್ಲವೂ ಸರಿ, ಮಿಲ್ಲಿನಲ್ಲಿ ತೂಕ ಮಾಯ.

ಫೈರ್‌ಫಾಕ್ಸ್ ಇಲ್ಲಿ ನನ್ನ ಮನಸ್ಸು ಗೆದ್ದಿತು. ಅದರಲ್ಲಿ ಸರ್ವಿಸ್ ವರ್ಕರ್ ಬದಲು ಅದೇ ಕೆಲಸಕ್ಕೆ ಈವೆಂಟ್ ಪೇಜ್ ಎಂಬ ಹಿನ್ನೆಲೆ ಪುಟ ಇರುತ್ತದೆ, ಗಡುವು ಅಲ್ಲೂ 30 ಸೆಕೆಂಡೇ. ಆದರೆ ಒಳ ಸೆಟ್ಟಿಂಗ್‌ಗಳ ಪುಟವಾದ ಅಬೌಟ್:ಕಾನ್ಫಿಗ್‌ನಲ್ಲಿ ‘ಎಕ್ಸ್‌ಟೆನ್ಶನ್ಸ್.ಬ್ಯಾಕ್‌ಗ್ರೌಂಡ್.ಐಡಲ್.ಟೈಮ್‌ಔಟ್’ ಎಂಬ ಸೆಟ್ಟಿಂಗ್ ಇದೆ, ಅದರಲ್ಲಿರುವ 30000 ಮಿಲಿಸೆಕೆಂಡನ್ನು ನಮಗೆ ಬೇಕಾದಷ್ಟು ಮಾಡಿಕೊಳ್ಳಬಹುದು. ನಿಧಾನವಾಗಿ ಓದಬೇಕಾದಾಗ ಏರಿಸುತ್ತೇನೆ. ದೋಷವನ್ನು ಬೇಗ ಹೊರಗೆಳೆಯಬೇಕಾದಾಗ 3000ಕ್ಕೆ ಇಳಿಸುತ್ತೇನೆ. ಡೆವ್‌ಟೂಲ್ಸ್ ತೆರೆದಿಡುವುದರಿಂದ ಈ ಎರಡನೆಯ ಲಾಭ ಸಿಗುವುದಿಲ್ಲ. ಗಡುವನ್ನು ಬದಲಿಸಲು ಬಿಡುವ ಗುಣ ಫೈರ್‌ಫಾಕ್ಸ್‌ಗೆ ಹಳೆಯದು: 2010ರಲ್ಲಿ 3.6.4 ಆವೃತ್ತಿ ಫ್ಲ್ಯಾಶ್‌ನಂಥ ಪ್ಲಗ್‌ಇನ್‌ಗಳನ್ನು ಬೇರೆ ಪ್ರೊಸೆಸ್‌ಗೆ ಹಾಕಿ, 10 ಸೆಕೆಂಡ್ ಉತ್ತರ ಬಾರದಿದ್ದರೆ ಕೊಲ್ಲತೊಡಗಿತು, 3.6.6ರಲ್ಲಿ ಅದು 45 ಆಯಿತು. ಫ್ಲ್ಯಾಶ್ ಡೀಬಗ್ ಮಾಡುವವರು ಆ ಸಂಖ್ಯೆಯನ್ನು -1 ಮಾಡಿ ಗಡುವನ್ನೇ ತೆಗೆದುಹಾಕುತ್ತಿದ್ದರು.

ಮೂರನೆಯದು, ಕೋಡಿನಲ್ಲೇ ವರ್ಕರ್ ಎಚ್ಚರವಾಗಿರುವಂತೆ ಮಾಡುವುದು. ಕ್ರೋಮ್ 110ರಿಂದ ಈಚೆಗೆ ಎಕ್ಸ್‌ಟೆನ್ಶನ್ ಎಪಿಐ (ಎಕ್ಸ್‌ಟೆನ್ಶನ್‌ಗಳಿಗೆಂದು ಬ್ರೌಸರ್ ಕೊಡುವ ಫಂಕ್ಷನ್) ಕರೆದಾಗಲೆಲ್ಲ ಗಡುವು ಹೊಸದಾಗಿ ಶುರುವಾಗುತ್ತದೆ. ಆದ್ದರಿಂದ 25 ಸೆಕೆಂಡಿಗೊಮ್ಮೆ ಏನಾದರೊಂದು ಎಪಿಐ ಕರೆಯುವವರಿದ್ದಾರೆ. ನಾನೂ ಹಾಕಿ ನೋಡಿದೆ, ಕೆಲಸ ಮಾಡಿತು, ಆದರೂ ತೆಗೆದುಹಾಕಿದೆ. ಡೀಬಗ್ಗಿಗೆಂದು ಬರೆದ ಕೋಡ್ ಮಿಲ್ಲಿನವರೆಗೂ ಹೋಗಿ ಅಲ್ಲಿ ನಿಜವಾದ ದೋಷವನ್ನು ಮುಚ್ಚಿಡುತ್ತದೆ. ನಿಗದಿತ ಹೊತ್ತಿಗೆ ವರ್ಕರ್‌ನನ್ನು ಎಬ್ಬಿಸುವ ಅಲಾರ್ಮ್ ಎಪಿಐನಲ್ಲಿ ಇನ್ನೊಂದು ಮೋಸವಿದೆ: ಅನ್‌ಪ್ಯಾಕ್ಡ್ ಆಗಿ (ನಮ್ಮ ಫೋಲ್ಡರ್‌ನಿಂದ ನೇರವಾಗಿ) ಲೋಡ್ ಮಾಡಿದ ಎಕ್ಸ್‌ಟೆನ್ಶನ್‌ಗೆ ಕನಿಷ್ಠ ಅಂತರದ ಮಿತಿಯೇ ಇಲ್ಲ, ಬಳಕೆದಾರರಿಗೆ ಕೊಟ್ಟ ಮೇಲೆ 30 ಸೆಕೆಂಡ್ ಮಿತಿ ಬೀಳುತ್ತದೆ.

ಬ್ರೌಸರ್ ಸರಿಹೋದರೂ ಸರ್ವರ್ ಗಡುವುಗಳು ಉಳಿಯುತ್ತವೆ. ವೆಬ್ ಆ್ಯಪ್ ಓಡಿಸುವ ಗುನಿಕಾರ್ನ್‌ನದು 30 ಸೆಕೆಂಡ್, ಅದರ ಮುಂದೆ ನಿಂತು ಕೋರಿಕೆಗಳನ್ನು ದಾಟಿಸುವ ಎಂಜಿನ್ಎಕ್ಸ್ ಪ್ರಾಕ್ಸಿಯದು 60. ಇವನ್ನು ನನ್ನ ಲ್ಯಾಪ್‌ಟಾಪ್‌ನಲ್ಲಿ ಮಾತ್ರ ಏರಿಸಿಕೊಂಡಿದ್ದೇನೆ.

ಈಗ ತರ್ಕದ ದೋಷವಿದ್ದರೆ ಕ್ರೋಮ್ ಡೆವ್‌ಟೂಲ್ಸ್, ಟೈಮ್‌ಔಟ್ ದೋಷದ ಅನುಮಾನವಿದ್ದರೆ ಫೈರ್‌ಫಾಕ್ಸ್. ಕಡೆಯ ಪರೀಕ್ಷೆ ಮಾತ್ರ ಕ್ರೋಮ್‌ನಲ್ಲೇ, ಡೆವ್‌ಟೂಲ್ಸ್ ಮುಚ್ಚಿ: ಎರಡು ತೂಕಗಳ ನಡುವೆ ಕ್ರೋಮ್‌ನ ಸರ್ವಿಸ್‌ವರ್ಕರ್-ಇಂಟರ್ನಲ್ಸ್ ಪುಟದಲ್ಲಿ ಸ್ಟಾಪ್ ಒತ್ತಿ ವರ್ಕರ್ ನಿಲ್ಲಿಸುತ್ತೇನೆ, ಮೊದಲ ತೂಕ ಉಳಿದಿರಲೇಬೇಕು. ಅದನ್ನು ಉಳಿಸಲು ಸ್ಟೋರೇಜ್.ಸೆಶನ್ ಸಾಲದು, ಬ್ರೌಸರ್ ಮುಚ್ಚಿದರೆ ಅದು ಖಾಲಿ. ಲಾರಿ ಖಾಲಿಯಾಗುವಷ್ಟರಲ್ಲಿ ಮಿಲ್ಲಿನಲ್ಲಿ ಕರೆಂಟ್ ಹೋಗಬಹುದು, ಅದಕ್ಕೇ ಬ್ರೌಸರ್ ಮುಚ್ಚಿದರೂ ಉಳಿಯುವ ಸ್ಟೋರೇಜ್.ಲೋಕಲ್‌ನಲ್ಲಿ ಇಟ್ಟಿದ್ದೇನೆ.