ಮಾತು ಕೇಳಲು ಕೊಂಡ ಹೆಡ್‌ಫೋನ್

ಕಲಬುರಗಿಯ ಸೂಪರ್ ಮಾರ್ಕೆಟ್ ಕಡೆಯ ಗಲ್ಲಿಯೊಂದರ ಪುಟ್ಟ ಅಂಗಡಿಯಲ್ಲಿ 1,350 ರೂಪಾಯಿಗೆ ಈ ತಂತಿಯ ಹೆಡ್‌ಫೋನ್ ಕೊಂಡು ಎರಡು ತಿಂಗಳಾಯಿತು. ಹಾಡಿಗಾಗಿ ಅಲ್ಲ, ಮಾತಿಗಾಗಿ. 31 ವರ್ಷ ನ್ಯಾಯಾಲಯದಲ್ಲಿ ಶೀಘ್ರಲಿಪಿಗಾರನಾಗಿದ್ದವನು ನಾನು. ಒಂದಕ್ಷರ ನುಂಗಿಹೋದರೂ ಮನಸ್ಸು ಅಲ್ಲೇ ನಿಲ್ಲುತ್ತದೆ.

ಅಂಗಡಿಯವರು ನನ್ನ ಮೊಬೈಲಿನ ಧ್ವನಿಮುದ್ರಣವನ್ನೇ ಹಾಕಿ ಅರ್ಧ ಗಂಟೆ ಕೇಳಲು ಬಿಟ್ಟರು. ಅಮೆರಿಕದ ವಿಡಂಬನಕಾರ ಲೆನ್ನಿ ಬ್ರೂಸ್ 1961ರ ಫೆಬ್ರವರಿಯ ಒಂದು ನಡುರಾತ್ರಿ, ನ್ಯೂಯಾರ್ಕ್ ಹಿಮದಲ್ಲಿ ಮುಳುಗಿದ್ದಾಗ, ಕಾರ್ನೆಗಿ ಹಾಲಿನಲ್ಲಿ ಒಬ್ಬನೇ ನಿಂತು ಆಡಿದ ಮಾತು ಅದು. ಯೆಹೂದಿಗಳ ಆಡುನುಡಿಯಾದ ಯಿಡ್ಡಿಷ್‌ನ ಪದ ಬೆರೆತು ಓಡುವ ಆ ಇಂಗ್ಲಿಷ್ ನನ್ನ ಹಳೆಯ ಇಯರ್‌ಫೋನಿನಲ್ಲಿ ಬರೀ ಗೊಜಗೊಜ. ಇದರಲ್ಲಿ ಅವನು ಉಸಿರೆಳೆದುಕೊಳ್ಳುವುದು ಕೇಳಿಸಿತು. ನಗೆ ಏಳುವ ಮುಂಚಿನ ಕ್ಷಣದ ಮೌನವೂ ಕೇಳಿಸಿತು.

ಆ ಮೌನಕ್ಕಾಗಿಯೇ ಹಣ ಕೊಟ್ಟೆ. 1964ರಲ್ಲಿ ನ್ಯೂಯಾರ್ಕಿನ ಗ್ರೀನಿಚ್ ವಿಲೇಜ್ ಬಡಾವಣೆಯ ಕೆಫೆಯೊಂದರಲ್ಲಿ ಬ್ರೂಸ್ ಕೊಟ್ಟ ಪ್ರದರ್ಶನದ ಮೇಲೆ ಅಶ್ಲೀಲತೆಯ ಮೊಕದ್ದಮೆ ನಡೆಯಿತು. ಪ್ರೇಕ್ಷಕರ ನಡುವೆ ಕುಳಿತು ಟಿಪ್ಪಣಿ ಮಾಡಿಕೊಂಡಿದ್ದ ಲೈಸೆನ್ಸ್ ಇನ್‌ಸ್ಪೆಕ್ಟರ್ ಅದನ್ನೇ ಸಾಕ್ಷಿಯಾಗಿ ಒಪ್ಪಿಸಿದ. ತನ್ನ ಮಾತನ್ನು ಇನ್ನೊಬ್ಬ ಕೆಡಿಸಿ ಆಡುತ್ತಿದ್ದಾನೆ, ಜೈಲಿಗೆ ಹೋಗುವವನು ಮಾತ್ರ ತಾನು ಎಂದು ಬ್ರೂಸ್ ಸಂಕಟಪಟ್ಟ. ಈ ಸಂಕಟ ನನಗೆ ಚೆನ್ನಾಗಿ ಗೊತ್ತು. ಶೀಘ್ರಲಿಪಿಯಲ್ಲಿ ಪದಕ್ಕೆ ಗೆರೆಯಿದೆ, ಹೇಳಿದ ದನಿಗೆ ಗೆರೆಯಿಲ್ಲ. ಸಾಕ್ಷಿಕಟ್ಟೆಯಲ್ಲಿ ಅಳುತ್ತಾ ಹೇಳಿದ 'ಹೌದು' ನನ್ನ ಹಾಳೆಯಲ್ಲಿ ಬರಿಯ 'ಹೌದು' ಆಗಿ ಉಳಿದಿದೆ.

ಮೂವರು ನ್ಯಾಯಾಧೀಶರಲ್ಲಿ ಇಬ್ಬರು ಅವನನ್ನು ತಪ್ಪಿತಸ್ಥನೆಂದರು. ನಾಲ್ಕು ತಿಂಗಳ ಶಿಕ್ಷೆ. ಮೇಲ್ಮನವಿ ಇತ್ಯರ್ಥವಾಗುವ ಮೊದಲೇ, 1966ರ ಆಗಸ್ಟ್ 3ರಂದು, ಮಾರ್ಫಿನ್ ಮಿತಿಮೀರಿ ಅವನು ತೀರಿಕೊಂಡ, ವಯಸ್ಸು 40. ಗವರ್ನರ್ ಕ್ಷಮಾದಾನ ಕೊಟ್ಟದ್ದು 2003ರಲ್ಲಿ. ಅವನ ಕೆಲವು ಮಾತು ನನಗೆ ಇಂದಿಗೂ ಒಗ್ಗುವುದಿಲ್ಲ. ಅದಕ್ಕಾಗಿ ಒಬ್ಬನನ್ನು ಕಟಕಟೆಗೆ ಎಳೆದದ್ದು ಅನ್ಯಾಯವೆಂದೇ ನಂಬುತ್ತೇನೆ.

ಇನ್ನು ಕೊರತೆಗಳು. ತಂತಿ ಗಿಡ್ಡ. ತಬಲಾದ ಎಡಗೈ ಪೆಟ್ಟು ತೆಳುವಾಗಿ ಕೇಳುತ್ತದೆ. ನಮ್ಮ ಮೇ ತಿಂಗಳ ಬಿಸಿಲಿಗೆ ಕಿವಿಮೆತ್ತೆ ಬೆವರಿನಲ್ಲಿ ತೊಯ್ದು ಒಂದು ಕಡೆ ಕಿತ್ತುಬಂತು. ಅಂಗಡಿಯವರು ದುಡ್ಡು ತೆಗೆದುಕೊಳ್ಳದೆ ಬದಲಿಸಿಕೊಟ್ಟರು. ಹೋಗುವವರು ನಿಮ್ಮದೇ ಧ್ವನಿಮುದ್ರಣ ಒಯ್ಯಿರಿ, ಮಾತು ನಿಲ್ಲುವ ಜಾಗವನ್ನು ಮೊದಲು ಹಾಕಿಸಿ ಕೇಳಿ.