ಹಿನ್ನೀರಿನ ದ್ವೀಪಕ್ಕೆ ಪ್ಯಾಕೇಜ್ ಟ್ರಿಪ್: ಮುಂಗಡ ಕಟ್ಟುವ ಮೊದಲು ಇದನ್ನು ಓದಿ

ಶರಾವತಿ ಹಿನ್ನೀರಿನ ದ್ವೀಪಕ್ಕೆ ಒಂದು ದಿನದ ಪ್ಯಾಕೇಜ್ ಟ್ರಿಪ್ ಅಂತ ನಿಮ್ಮ ಫೋನಿಗೂ ವಿಡಿಯೊ ಬಂದಿರಬಹುದು. ಮುಂಗಡ ಕಟ್ಟುವ ಮೊದಲು ಒಂದು ಪ್ರಶ್ನೆ ಕೇಳಿ. ದೋಣಿ ಯಾರದು? ಅವರ ಹೆಸರು, ಊರು, ಫೋನ್ ನಂಬರ್ ಕೇಳಿ. "ಅದೆಲ್ಲ ಅಲ್ಲೇ ಅರೇಂಜ್ ಆಗತ್ತೆ" ಅನ್ನುವ ಉತ್ತರ ಬಂದರೆ ಆ ಟ್ರಿಪ್ ಬಿಟ್ಟುಬಿಡಿ. ಮಕ್ಕಳು, ವಯಸ್ಸಾದವರು ಜೊತೆಗೆ ಬರುವುದಾದರೆ ಬೇಡವೇ ಬೇಡ.

ದಸರಾ ರಜೆಯಲ್ಲಿ ನಾವು ಶಿವಮೊಗ್ಗದಿಂದ ಹೋಗಿದ್ದೆವು. ನಾನು, ನಮ್ಮ ಮನೆಯವರು, ಅತ್ತೆ, ಮಗಳು, ಅಕ್ಕನ ಇಬ್ಬರು ಗಂಡುಮಕ್ಕಳು. ಗುಂಪಿನಲ್ಲಿ ಬೇರೆ ಕುಟುಂಬಗಳೂ ಇದ್ದವು. ಎಲ್ಲರೂ ಕ್ಷೇಮವಾಗಿ ಮನೆ ಸೇರಿದ್ದೇವೆ. ಅದಕ್ಕೆ ಕಾರಣ ದೋಣಿ ನಡೆಸಿದ ಒಬ್ಬ ಹಿರಿಯರು. ನಮ್ಮಿಂದ ದುಡ್ಡು ತೆಗೆದುಕೊಂಡವರಲ್ಲ.

ತಲೆಗೆ 1,500 ರೂಪಾಯಿ, ಮಕ್ಕಳಿಗೂ ಅಷ್ಟೇ. ಟಿಟಿ (ಟೆಂಪೊ ಟ್ರಾವೆಲರ್), ತಿಂಡಿ, ಬೋಟ್, ಕಯಾಕ್ (ನಾವೇ ಹುಟ್ಟು ಹಾಕುವ ಪುಟ್ಟ ದೋಣಿ), ದ್ವೀಪದಲ್ಲಿ ಮಲೆನಾಡಿನ ಊಟ, ಅನುಭವಿ ಗೈಡ್, ಎಲ್ಲರಿಗೂ ಲೈಫ್ ಜಾಕೆಟ್. ಇಷ್ಟೂ ಬರಹದಲ್ಲೇ ಇತ್ತು. ಪೂರ್ತಿ ದುಡ್ಡು ಮೊದಲೇ ಕಟ್ಟಬೇಕು ಅಂದರು, ಒಬ್ಬರ ಸ್ವಂತ ಫೋನ್ ನಂಬರಿಗೆ ಕಟ್ಟಿದೆವು. ರಸೀದಿ ಕೇಳಿದ್ದಕ್ಕೆ "ಪೇಮೆಂಟ್ ಸ್ಕ್ರೀನ್‌ಶಾಟ್ ಸಾಕು ಮೇಡಂ" ಅಂದರು.

ಆಯನೂರು, ಕುಂಸಿ, ಆನಂದಪುರ ದಾಟಿ ಸಾಗರ ತಲುಪುವವರೆಗೆ ಎಲ್ಲ ಚೆನ್ನಾಗಿತ್ತು. ಸಾಗರದಲ್ಲಿ ಕೊಡಿಸಿದ ತಿಂಡಿಯೂ ಚೆನ್ನಾಗಿತ್ತು. ಅಲ್ಲಿಂದ ಒಳದಾರಿಗೆ ತಿರುಗಿದ ಮೇಲೆ ಗೈಡ್ ಹುಡುಗ ಫೋನ್ ನೋಡುತ್ತಾ ಡ್ರೈವರ್‌ಗೆ ದಾರಿ ಹೇಳತೊಡಗಿದ. ಸಿಗ್ನಲ್ ಹೋಯಿತು. ಆಮೇಲೆ ಡ್ರೈವರ್ ಗಾಡಿ ನಿಲ್ಲಿಸಿ ನಿಲ್ಲಿಸಿ ಊರಿನವರನ್ನೇ ಕೇಳಿಕೊಂಡು ಹೋದರು. ಆ ಹುಡುಗ ಆ ದಡಕ್ಕೆ ಅದೇ ಮೊದಲು ಬರುತ್ತಿದ್ದ ಅಂತ ನಮಗೆ ಆಗ ಗೊತ್ತಾಯಿತು.

ದಡದಲ್ಲಿ ನಿಂತಿದ್ದು ಮೀನು ಹಿಡಿಯುವ ದೋಣಿ. ಹಿಂದೆ ಸಣ್ಣ ಮೋಟಾರು. ದೋಣಿಯ ಮೈಮೇಲೆ ಎಲ್ಲೂ ನಂಬರ್ ಬರೆದಿರಲಿಲ್ಲ. ದೋಣಿಯ ಯಜಮಾನರು ನಮ್ಮ ಗುಂಪು ನೋಡಿ ಗಾಬರಿಯಾದರು. "ನಂಗೆ ಏಳೆಂಟು ಜನ ಅಂತ ಹೇಳಿದ್ರಲ್ಲ" ಅಂದರು. ನಾವು ಅದರ ಎರಡರಷ್ಟು ಇದ್ದೆವು. ಗೈಡ್ ಮಾತ್ರ ಒಂದೇ ಸಲಕ್ಕೆ ಎಲ್ಲರನ್ನೂ ಹತ್ತಿಸಲು ನೋಡಿದ. "ಸ್ವಲ್ಪ ಅಡ್ಜಸ್ಟ್ ಮಾಡ್ಕೊಳ್ಳಿ, ಹತ್ತೇ ನಿಮಿಷ" ಅಂದ. ಯಜಮಾನರು ಒಪ್ಪಲಿಲ್ಲ. ಮೋಟಾರನ್ನೇ ಶುರು ಮಾಡಲಿಲ್ಲ. ಕೊನೆಗೆ ಎರಡು ಸಲ ಹೋಗುವುದು ಅಂತಾಯಿತು.

ಲೈಫ್ ಜಾಕೆಟ್ ಬಗ್ಗೆ ಸ್ವಲ್ಪ ಜಾಸ್ತಿ ಬರೆಯುತ್ತೇನೆ, ಯಾಕೆಂದರೆ ಇದನ್ನು ಹೆಚ್ಚಿನವರು ಮೈಮೇಲೆ ಇದ್ದರೆ ಸಾಕು ಅಂದುಕೊಳ್ಳುತ್ತಾರೆ. ಅಲ್ಲಿದ್ದ ಜಾಕೆಟ್‌ಗಳು ಎಲ್ಲರಿಗೂ ಸಾಲುತ್ತಿರಲಿಲ್ಲ. ಬಿಸಿಲಿಗೆ ಬಣ್ಣ ಹೋಗಿ ಬೆಳ್ಳಗಾಗಿದ್ದವು. ಕೆಲವಕ್ಕೆ ಬಕಲ್ ಮುರಿದಿತ್ತು, ಹಗ್ಗ ಕಟ್ಟಿದ್ದರು. ಮಕ್ಕಳ ಅಳತೆಯದು ಒಂದೂ ಇರಲಿಲ್ಲ. ದೊಡ್ಡವರ ಜಾಕೆಟನ್ನೇ ನನ್ನ ಮಗಳಿಗೆ ಹಾಕಿದರು. ನಮ್ಮ ಮನೆಯವರು ಅದರ ಭುಜ ಹಿಡಿದು ಮೇಲಕ್ಕೆ ಎತ್ತಿದರೆ ಜಾಕೆಟ್ ಸೀದಾ ಅವಳ ಕಿವಿ ದಾಟಿ ಮೇಲೆ ಬಂತು. ಅಂದರೆ ಮಗು ನೀರಿಗೆ ಬಿದ್ದರೆ ಜಾಕೆಟ್ ತೇಲುತ್ತದೆ, ಮಗು ಕೆಳಗೆ ಜಾರುತ್ತದೆ. ನೀವೂ ಹೀಗೇ ನೋಡಿ. ಬಕಲ್ ಬಿಗಿದು, ಭುಜ ಹಿಡಿದು ಎತ್ತಿದಾಗ ಜಾಕೆಟ್ ಗದ್ದದಿಂದ ಮೇಲೆ ಬಂದರೆ ಅದು ಆ ಮಗುವಿನ ಅಳತೆಯದಲ್ಲ. ಎಷ್ಟು ದೂರದಿಂದ ಬಂದಿದ್ದರೂ ಸರಿ, ಹತ್ತಬೇಡಿ. ಅವಳನ್ನು ದಡದಲ್ಲೇ ಉಳಿಸಿಕೊಳ್ಳುತ್ತೇವೆ ಅಂದಾಗ ಯಜಮಾನರು ತಮ್ಮ ಮನೆಗೆ ಓಡಿ ಹೋಗಿ ಮೊಮ್ಮಗನ ಜಾಕೆಟ್ ತಂದರು. ಗೈಡ್ ಅಷ್ಟು ಹೊತ್ತೂ "ಏನೂ ಆಗಲ್ಲ ಮೇಡಂ, ದಿನಾ ಹೋಗ್ತಾರೆ" ಅಂತಲೇ ಇದ್ದ.

ಈ ದ್ವೀಪಗಳು ಏನು ಅಂತ ಹೋಗುವವರಿಗೆ ಗೊತ್ತಿರಬೇಕು. ಗೈಡ್ ಮಕ್ಕಳಿಗೆ ಹೇಳಿದ ಹಾಗೆ ಇವು ಹೊಳೆಯ ನಡುವೆ ತಾವಾಗಿ ಹುಟ್ಟಿದ ದ್ವೀಪಗಳಲ್ಲ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದು ಶರಾವತಿ ನಿಂತಾಗ ಊರು, ಗದ್ದೆ, ತೋಟ, ಕಾಡು ಎಲ್ಲ ಮುಳುಗಿದವು. ಮುಳುಗದೆ ಉಳಿದ ಗುಡ್ಡದ ನೆತ್ತಿಗಳೇ ಈ ದ್ವೀಪಗಳು. ಜೋಗದ ವಿದ್ಯುತ್ತಿಗಾಗಿ ಅದಕ್ಕೂ ಮೊದಲು ಕಟ್ಟಿದ್ದ ಮಡೇನೂರಿನ ಹಿರೇಭಾಸ್ಕರ ಅಣೆಕಟ್ಟೂ ಇದೇ ನೀರಿನೊಳಗಿದೆ, ನೀರು ತೀರಾ ಇಳಿದ ಬೇಸಿಗೆಯಲ್ಲಿ ಕಾಣುತ್ತದೆ. ಜಲಾಶಯದ ಪೂರ್ಣ ಮಟ್ಟ 1819 ಅಡಿ. ಮಳೆಗಾಲ ಮುಗಿದಾಗ ದ್ವೀಪವಾಗಿದ್ದ ಜಾಗ ಬೇಸಿಗೆಯಲ್ಲಿ ನಡೆದು ಹೋಗಬಹುದಾದ ಗುಡ್ಡ ಆಗಬಹುದು.

ಇದು ಸುಮ್ನೆ ಚರಿತ್ರೆ ಅಲ್ಲ, ಜೀವ ಉಳಿಸುವ ವಿಷಯ. ದಡ ಅಂತ ಕಾಣುವುದು ನಿಜವಾಗಿ ಗುಡ್ಡದ ಇಳಿಜಾರು. ಸಮುದ್ರದ ದಂಡೆಯ ಹಾಗೆ ನಿಧಾನಕ್ಕೆ ಆಳ ಆಗುವುದಿಲ್ಲ. ಮೊಣಕಾಲು ಮಟ್ಟದ ನೀರಿನಿಂದ ಇನ್ನೆರಡು ಹೆಜ್ಜೆ ಇಟ್ಟರೆ ಕಾಲಿಗೆ ನೆಲವೇ ಸಿಗದಿರಬಹುದು. ಕೆಳಗೆ ಜಾರುವ ಕೆಸರು, ಹಳೆಯ ಮರಗಳ ಬೊಡ್ಡೆ. ನೀರಿನ ಮೇಲೆ ಇದು ಯಾವುದೂ ಕಾಣುವುದಿಲ್ಲ.

ನಮ್ಮ ಗೈಡ್ ಇದೇ ಜಾಗದಲ್ಲಿ ಮಕ್ಕಳಿಗೆ "ಇಲ್ಲಿ ಆಳ ಇಲ್ಲ, ಆಡ್ಕೊಳ್ಳಿ" ಅಂದ. ಅಕ್ಕನ ಚಿಕ್ಕ ಮಗ ಮುಂದೆ ಇದ್ದ. ಜಾಕೆಟ್ ಬಿಚ್ಚಿಸಿ ಎರಡನೇ ಸಲಕ್ಕೆ ಬರುವವರಿಗೆ ಅಂತ ದೋಣಿಯಲ್ಲಿ ವಾಪಸ್ ಕಳಿಸಿದ್ದರು, ಎಣಿಕೆಗೆ ಸಾಲದ್ದರಿಂದ. ನಾವು ಕೂಗಿ ಕರೆಯುವಷ್ಟರಲ್ಲಿ ಹುಡುಗ ಜಾರಿದ. ಸದ್ದು ಇಲ್ಲ, ಕೂಗು ಇಲ್ಲ. ತಲೆ ಕಾಣಿಸಲಿಲ್ಲ, ಅಷ್ಟೇ. ಎರಡನೇ ಗುಂಪನ್ನು ಇಳಿಸುತ್ತಿದ್ದ ಯಜಮಾನರು ಬಟ್ಟೆಯಲ್ಲೇ ನೀರಿಗೆ ಹಾರಿ ಅಂಗಿ ಹಿಡಿದು ಎಳೆದರು. ಹುಡುಗ ಕೆಮ್ಮಿ ನೀರು ಕಕ್ಕಿದ, ಆಮೇಲೆ ಅತ್ತ. ಆ ಅಳು ಕೇಳಿದ ಮೇಲೇ ನಮಗೆ ಉಸಿರು ಬಂದಿದ್ದು. ಗೈಡ್‌ಗೆ ಈಜು ಬರುತ್ತಿರಲಿಲ್ಲ. ಕೈಯಲ್ಲಿ ಒಂದು ಹಗ್ಗ ಕೂಡ ಇರಲಿಲ್ಲ. ಪ್ರಥಮ ಚಿಕಿತ್ಸೆಯ ಪೆಟ್ಟಿಗೆ ಟಿಟಿಯಲ್ಲಿ ಉಳಿದಿತ್ತು.

ತಕ್ಷಣ ವಾಪಸ್ ಹೋಗೋಣ ಅಂದೆವು. ಅತ್ತೆಯ ಕೈಕಾಲು ನಡುಗುತ್ತಿತ್ತು. ಆದರೆ ಊಟ ಆ ದಡದಿಂದ ಬರಬೇಕಿತ್ತು, ಯಜಮಾನರು ಅದನ್ನು ತರಲು ಹೋಗಲೇಬೇಕಿತ್ತು. ಗೈಡ್ ಬೇರೆ ಕುಟುಂಬದವರಿಂದ "ದುಡ್ಡು ಕೊಟ್ಟಿದ್ದೀವಲ್ಲ, ಇರೋಣ" ಅನ್ನಿಸಿದ. ಹೊರಡುವಾಗ ಯಜಮಾನರು ನನ್ನ ಹತ್ತಿರ ಬಂದು ಹೇಳಿದರು: "ಮಧ್ಯಾಹ್ನದ ಮೇಲೆ ಗಾಳಿ ಏಳ್ತದೆ ಅಮ್ಮಾ. ಎರಡು ಗಂಟೆ ಒಳಗೆ ಹೊಳೆ ದಾಟ್ಬೇಕು ಅಂತ ಇವರಿಗೆ ಮೊನ್ನೇನೇ ಹೇಳಿದೀನಿ." ಗೈಡ್ ಅವರಿಗೆ ಕೊಟ್ಟಿದ್ದ ಸಮಯ ಸಂಜೆ ನಾಲ್ಕೂವರೆ. ಯಾಕೆಂದರೆ ವಿಡಿಯೊದಲ್ಲಿ ಸಂಜೆಯ ಹೊತ್ತನ್ನೇ ತೋರಿಸಿದ್ದರು.

ಊಟ ಬಂತು, ಆರಿತ್ತು. ಕಯಾಕ್ ಬರಲೇ ಇಲ್ಲ. ಮೂರು ಗಂಟೆ ಹೊತ್ತಿಗೆ ಪಶ್ಚಿಮದ ಕಡೆ ಮೋಡ ಕಪ್ಪಾಯಿತು. ಅಕ್ಟೋಬರ್‌ನಲ್ಲಿ ಮಲೆನಾಡಿನಲ್ಲಿ ಮಧ್ಯಾಹ್ನದ ಮೇಲೆ ಗುಡುಗು ಮಳೆ ಬರುವುದು ಹೊಸದೇನಲ್ಲ ಅಲ್ವಾ? ನೀರಿನ ನಡುವೆ, ಬೋಳು ಹುಲ್ಲುಗುಡ್ಡದ ಮೇಲೆ, ಒಂದು ತಗಡಿನ ಸೂರೂ ಇಲ್ಲದೆ ಆ ಮಳೆಗೆ ಸಿಗುವುದು ಬೇರೆ. ಗೈಡ್ ಎಲ್ಲರನ್ನೂ ಅಲ್ಲಿದ್ದ ಒಂದೇ ಒಂದು ಮರದ ಕೆಳಗೆ ಕರೆದ. ಸಿಡಿಲಿಗೆ ಅದಕ್ಕಿಂತ ಅಪಾಯದ ಜಾಗ ಇಲ್ಲ. ನಮ್ಮ ಮನೆಯವರು ಕೂಗಾಡಿ ಎಲ್ಲರನ್ನೂ ಮರದಿಂದ ದೂರ, ತಗ್ಗಿನ ಕಡೆ ಬಿಡಿಬಿಡಿಯಾಗಿ ಕೂರಿಸಿದರು. ಅತ್ತೆ ಮಗಳನ್ನು ಸೆರಗಿನೊಳಗೆ ಸೇರಿಸಿಕೊಂಡು ನೆನೆಯುತ್ತಾ ಕೂತಿದ್ದರು. ಫೋನಿಗೆ ಸಿಗ್ನಲ್ ಬಂದು ಬಂದು ಹೋಗುತ್ತಿತ್ತು. ದುಡ್ಡು ತೆಗೆದುಕೊಂಡವರ ನಂಬರ್ ರಿಂಗ್ ಆದರೂ ಯಾರೂ ಎತ್ತಲಿಲ್ಲ.

ಗುಡುಗು ನಿಂತು ಗಾಳಿ ಇಳಿದ ಮೇಲೆ ಯಜಮಾನರು ತಾವಾಗಿಯೇ ಬಂದರು. ಈ ಸಲ ಇನ್ನೂ ಕಡಿಮೆ ಜನರನ್ನು ಹತ್ತಿಸಿಕೊಂಡು, ಮಕ್ಕಳು ಮತ್ತು ವಯಸ್ಸಾದವರನ್ನು ಮೊದಲು ದಾಟಿಸಿದರು. ಕೊನೆಯ ಗುಂಪು ದಡ ಸೇರುವಾಗ ಪೂರ್ತಿ ಕತ್ತಲೆ. ದಡದಲ್ಲಿ ಅರಣ್ಯ ಇಲಾಖೆಯ ಸಿಬ್ಬಂದಿ ನಿಂತಿದ್ದರು. ಅನುಮತಿ ಪತ್ರ ಕೇಳಿದರು. ಗೈಡ್ ಹತ್ತಿರ ಏನೂ ಇರಲಿಲ್ಲ. ಹಿನ್ನೀರಿನ ಬಹಳಷ್ಟು ಭಾಗ ಶರಾವತಿ ಅಭಯಾರಣ್ಯಕ್ಕೆ ಸೇರಿದೆ, ಅಲ್ಲಿ ಬೇಕಾದ ಹಾಗೆ ಇಳಿದು ಒಲೆ ಹಚ್ಚಿ ಊಟ ಮಾಡಿ ಬರುವ ಹಾಗಿಲ್ಲ. ಪ್ಯಾಕೇಜ್ ಮಾಡಿದವರು ಇದನ್ನು ಒಂದು ಮಾತೂ ಹೇಳಿರಲಿಲ್ಲ. ಅರಣ್ಯ ಸಿಬ್ಬಂದಿ ನಮ್ಮೆಲ್ಲರ ಹೆಸರು ಬರೆದುಕೊಂಡು ಬುದ್ಧಿ ಹೇಳಿ ಕಳಿಸಿದರು. ಅವರದು ತಪ್ಪಿಲ್ಲ.

ಮಾರನೇ ದಿನ ಫೋನ್ ಎತ್ತಿದರು. ನನಗೆ ಹೆಚ್ಚು ಸಿಟ್ಟು ಬಂದಿದ್ದು ಆ ಮಾತಿಗೆ. ದುಡ್ಡು ತೆಗೆದುಕೊಂಡವರು "ನಾವು ಬುಕಿಂಗ್ ಅಷ್ಟೇ ಮಾಡೋದು, ಅಲ್ಲಿನ ಜವಾಬ್ದಾರಿ ಗೈಡ್‌ದು" ಅಂದರು. ಗೈಡ್ "ನಾನು ದಿನಗೂಲಿಗೆ ಹೋಗೋನು, ಬೋಟ್ ಬೋಟಿನವರದ್ದು" ಅಂದ. ಬೋಟಿನ ಯಜಮಾನರಿಗೆ ನಮ್ಮ 1,500ರಲ್ಲಿ ಎಷ್ಟು ಸಿಕ್ಕಿತು ಅಂತ ಕೇಳಿದರೆ ಬೇಜಾರಾಗುತ್ತದೆ, ಡೀಸೆಲ್ ಕಳೆದರೆ ಉಳಿಯುವುದು ಚಿಲ್ಲರೆ. ನೀರಿನ ಬಗ್ಗೆ ಗೊತ್ತಿದ್ದ ಒಬ್ಬರೇ ಒಬ್ಬರಿಗೆ ಆ ಟ್ರಿಪ್‌ನಲ್ಲಿ ತೀರ್ಮಾನ ಮಾಡುವ ಅಧಿಕಾರ ಇರಲಿಲ್ಲ. ಇದೇ ನಾನು ಎಲ್ಲರಿಗೂ ಹೇಳಬೇಕಾದ ಮಾತು. ಸಮಯ, ಜನರ ಸಂಖ್ಯೆ, ಹೊರಡುವುದು, ನಿಲ್ಲಿಸುವುದು ದೋಣಿಯವರ ಮಾತಿನ ಮೇಲೆ ನಡೆಯದ ಟ್ರಿಪ್‌ಗೆ ಹೋಗಬೇಡಿ.

ಇದೇ ಹಿನ್ನೀರು ದಾಟಿಸುತ್ತಿದ್ದ ಹೊಳೆಬಾಗಿಲಿನ ಲಾಂಚ್ ನೆನಪಿದೆಯಲ್ಲ? ತುಮರಿ ಕಡೆಯ ಜನ ದಶಕಗಳ ಕಾಲ ಅದನ್ನೇ ನಂಬಿದ್ದರು. ಬೇಸಿಗೆಯಲ್ಲಿ ನೀರು ಇಳಿದರೆ ವಾಹನ ಹತ್ತಿಸುವುದಿಲ್ಲ ಅಂತ ನಿಲ್ಲಿಸಿಬಿಡುತ್ತಿದ್ದರು. ಎಷ್ಟು ಜನ ಬೈದರೂ ನಿಲ್ಲಿಸುತ್ತಿದ್ದರು. ನೀರು ಗೊತ್ತಿದ್ದವರು ಬೇಡ ಅಂದಾಗ ಬೇಡ ಅಷ್ಟೇ.

ಇಂಥ ಕಡೆ ಏನಾಗುತ್ತದೆ ಅಂತ ನಮಗೆ ಗೊತ್ತಿಲ್ಲದ್ದೇನಲ್ಲ. 2019ರ ಜನವರಿ 21ರಂದು ಕಾರವಾರದ ಕೂರ್ಮಗಡ ದ್ವೀಪದ ಜಾತ್ರೆ ಮುಗಿಸಿ ವಾಪಸ್ ಬರುತ್ತಿದ್ದ ದೋಣಿ ಮಗುಚಿ 16 ಜನ ತೀರಿಕೊಂಡರು. 2023ರ ಮೇ 7ರಂದು ಕೇರಳದ ತಾನೂರಿನಲ್ಲಿ ಪ್ರವಾಸಿಗರ ದೋಣಿ ಮುಳುಗಿ 22 ಜನ ಹೋದರು. ಅದೂ ಮೀನುಗಾರಿಕೆ ದೋಣಿಯನ್ನೇ ಪ್ರವಾಸಕ್ಕೆ ಅಂತ ಬದಲಾಯಿಸಿದ್ದು, ತುಂಬಾ ಜನರನ್ನು ತುಂಬಿಕೊಂಡಿದ್ದು. 2021ರ ಒಳನಾಡು ಹಡಗುಗಳ ಕಾಯ್ದೆಯ ಪ್ರಕಾರ ಮೋಟಾರು ದೋಣಿಗೆ ನೋಂದಣಿ, ತಪಾಸಣೆ, ವಿಮೆ ಬೇಕು. ಹಾಗಾಗಿ ದೋಣಿಯ ಮೇಲೆ ನಂಬರ್ ಇದೆಯಾ ನೋಡಿ, ಎಷ್ಟು ಜನರಿಗೆ ಒಪ್ಪಿಗೆ ಇದೆ ಕೇಳಿ. ಕೇಳಿದರೆ ಬೇಜಾರು ಮಾಡಿಕೊಳ್ಳುವವರ ದೋಣಿ ನಮಗೆ ಬೇಡ.

ಹಿನ್ನೀರು ನೋಡಲೇಬೇಕು ಅನ್ನುವವರಿಗೆ ದಾರಿ ಇದೆ. 2025ರ ಜುಲೈನಲ್ಲಿ ಓಡಾಟಕ್ಕೆ ತೆರೆದ ಅಂಬಾರಗೋಡ್ಲು–ಕಳಸವಳ್ಳಿ ಸೇತುವೆ ಎರಡು ಕಿಲೋಮೀಟರ್‌ಗಿಂತ ಉದ್ದ ಇದೆ. ಸಿಗಂದೂರಿಗೆ ಹೋಗುತ್ತಾ ಅದರ ಮೇಲಿಂದಲೇ ನೀರು, ದ್ವೀಪ, ಗುಡ್ಡ ಎಲ್ಲ ಕಾಣುತ್ತದೆ. ನೀರಿಗೆ ಇಳಿಯುವ ಆಸೆ ಇದ್ದರೆ ಹಿನ್ನೀರಿನ ದಡದ ಹೊನ್ನೆಮರಡಿನಲ್ಲಿ ತರಬೇತಿ ಪಡೆದವರು ಇದ್ದಾರಾ ಅಂತ ಮೊದಲೇ ಮಾತಾಡಿಕೊಂಡು ಹೋಗಿ. ಚಿಕ್ಕ ಮಕ್ಕಳಿದ್ದರೆ ತೀರ್ಥಹಳ್ಳಿ ರಸ್ತೆಯ ಮಂಡಗದ್ದೆ ಒಳ್ಳೆಯದು. ತುಂಗೆಯ ನಡುವಿನ ಪುಟ್ಟ ದ್ವೀಪದಲ್ಲಿ ಮಳೆಗಾಲದಲ್ಲಿ ಬೆಳ್ಳಕ್ಕಿ, ನೀರುಕಾಗೆಗಳು ಮರ ತುಂಬಾ ಗೂಡು ಕಟ್ಟುತ್ತವೆ, ದಡದಿಂದಲೇ ನೋಡಬಹುದು. ದೋಣಿ ಬೇಕಿಲ್ಲ.

ದುಡ್ಡಿನ ವಿಷಯಕ್ಕೆ ಬಂದರೆ, ಬರದ ಕಯಾಕಿನ ಹಣವಾದರೂ ಕೊಡಿ ಅಂದಿದ್ದಕ್ಕೆ ನಮ್ಮ ನಂಬರನ್ನು ಬ್ಲಾಕ್ ಮಾಡಿದರು. ನಾವು ಜಾಹೀರಾತಿನ ವಿಡಿಯೊ, ಪೇಮೆಂಟ್ ವಿವರ, ಜಾಕೆಟ್‌ಗಳ ಫೋಟೊ ಎಲ್ಲ ಇಟ್ಟುಕೊಂಡು ಗ್ರಾಹಕರ ಸಹಾಯವಾಣಿ 1915ಕ್ಕೆ ದೂರು ಕೊಟ್ಟಿದ್ದೇವೆ. ಅಲ್ಲಿ ಬಗೆಹರಿಯದಿದ್ದರೆ ಶಿವಮೊಗ್ಗದ ಜಿಲ್ಲಾ ಗ್ರಾಹಕರ ಆಯೋಗಕ್ಕೆ ಹೋಗುತ್ತೇವೆ. ಇಂಥ ಸಣ್ಣ ಮೊತ್ತದ ದೂರಿಗೆ ಅಲ್ಲಿ ಶುಲ್ಕ ಇಲ್ಲ, ಘಟನೆ ನಡೆದ ಎರಡು ವರ್ಷದೊಳಗೆ ಕೊಡಬಹುದು. ನಮ್ಮ ಜೊತೆ ಬಂದಿದ್ದ ಕುಟುಂಬಗಳು ಇದನ್ನು ಓದುತ್ತಿದ್ದರೆ ದಯವಿಟ್ಟು ನೀವೂ ಬೇರೆಯಾಗಿ ದೂರು ಕೊಡಿ. ಅದೇ ವಿಡಿಯೊ ಈಗ ಬೇರೆ ಹೆಸರಿನಲ್ಲಿ ಮತ್ತೆ ಓಡಾಡುತ್ತಿದೆ, ಕ್ರಿಸ್‌ಮಸ್ ರಜೆಗೆ ಬುಕಿಂಗ್ ತೆಗೆದುಕೊಳ್ಳುತ್ತಿದ್ದಾರೆ.