ಝಡ್3 ಸಾಲ್ವರ್: ವರ್ಷಗಟ್ಟಲೆ ಬಳಸಿದವರ ವಿಮರ್ಶೆ

ಲಿಯೊನಾರ್ಡೊ ಡಿ ಮೌರಾ ಮತ್ತು ನಿಕೊಲಾಯ್ ಬ್ಯೋರ್ನರ್ ಮೈಕ್ರೋಸಾಫ್ಟ್ ರಿಸರ್ಚ್‌ನಲ್ಲಿ ಕಟ್ಟಿದ ಝಡ್3 ಸಾಲ್ವರನ್ನು (ಕೊಟ್ಟ ಷರತ್ತುಗಳಿಗೆ ಉತ್ತರ ಹುಡುಕುವ ಪ್ರೋಗ್ರಾಮ್) ಹಲವು ವರ್ಷಗಳಿಂದ ಬಳಸುತ್ತಿದ್ದೇನೆ. ನೇರವಾಗಿ ಹೇಳಿಬಿಡುತ್ತೇನೆ: ಅದು 'ಸ್ಯಾಟ್', ಅಂದರೆ ಷರತ್ತುಗಳೆಲ್ಲ ಹೊಂದುತ್ತವೆ, ಅಂದಾಗ ನನಗೆ ಚಿಂತೆ ಇಲ್ಲ. 'ಅನ್‌ಸ್ಯಾಟ್', ಅಂದರೆ ಹೊಂದುವುದೇ ಇಲ್ಲ, ಅಂದಾಗಲೇ ಎರಡು ಸಲ ನೋಡುತ್ತೇನೆ.

ಷರತ್ತುಗಳನ್ನು ಬರೆದು ಕೊಟ್ಟರೆ, ಅವೆಲ್ಲ ಒಟ್ಟಿಗೆ ಹೊಂದುವಂಥ ಬೆಲೆಗಳು (ವೇರಿಯಬಲ್‌ಗಳಿಗೆ ಹಾಕುವ ಸಂಖ್ಯೆಗಳಂಥವು) ಇವೆಯೇ ಅಂತ ಇದು ಹುಡುಕುತ್ತದೆ. ಪಟ್ಟಿಯನ್ನು ಅರ್ಧರ್ಧ ಮಾಡುತ್ತಾ ಹುಡುಕುವ ಬೈನರಿ ಸರ್ಚ್‌ನಲ್ಲಿ ನಡುವಿನ ಜಾಗಕ್ಕಾಗಿ ಎರಡು ಸಂಖ್ಯೆ ಕೂಡಿ ಅರ್ಧ ಮಾಡುತ್ತೇವೆ ಅಲ್ವಾ? ಎರಡೂ 32 ಬಿಟ್‌ನವು, ಸೊನ್ನೆಗಿಂತ ದೊಡ್ಡವು; ಅವುಗಳ ಮೊತ್ತದ ಅರ್ಧ ಮೈನಸ್ ಆಗಬಹುದಾ ಅಂತ ಕೇಳಿ ನೋಡಿ. ಕಣ್ಣು ಮಿಟುಕಿಸುವಷ್ಟರಲ್ಲಿ ಎರಡು ಸಂಖ್ಯೆ ತಂದಿಡುತ್ತದೆ. ಮೊತ್ತ 32 ಬಿಟ್‌ನಲ್ಲಿ ಹಿಡಿಸುವ ಅತಿ ದೊಡ್ಡ ಸಂಖ್ಯೆಯಾದ 2147483647 ದಾಟಿದರೆ ಸುತ್ತಿ ಮೈನಸ್‌ಗೆ ಹೋಗುತ್ತದೆ. ಜಾವಾ ಲೈಬ್ರರಿಯಲ್ಲೇ ಈ ದೋಷ ವರ್ಷಗಟ್ಟಲೆ ಅಡಗಿತ್ತು, ಬಯಲಾಗಿದ್ದು 2006ರಲ್ಲಿ. ಕೊಟ್ಟ ಸಂಖ್ಯೆಗಳನ್ನು ನಾವೇ ಹಾಕಿ ಪರೀಕ್ಷೆ ಮಾಡಬಹುದು. ಝಡ್3 ಮೇಲೆ ನಂಬಿಕೆಯೇ ಬೇಕಾಗಿಲ್ಲ.

'ಅನ್‌ಸ್ಯಾಟ್' ಹಾಗಲ್ಲ. ಅಂಥ ಬೆಲೆ ಎಲ್ಲೂ ಇಲ್ಲ ಅನ್ನುವುದು ದೊಡ್ಡ ಮಾತು. ಹೇಳುತ್ತಿರುವುದೋ, ತುಂಬಾ ದೊಡ್ಡದೊಂದು ಸಿ++ ಪ್ರೋಗ್ರಾಮ್. ಯದ್ವಾತದ್ವಾ ಇನ್‌ಪುಟ್ ಕೊಟ್ಟು ಸಾಲ್ವರ್‌ಗಳನ್ನು ಜಾಲಾಡಿದ ಸಂಶೋಧಕರಿಗೆ ಇದರಲ್ಲೂ ತಪ್ಪು ಉತ್ತರಗಳು ಸಿಕ್ಕಿವೆ. ದಿನನಿತ್ಯದ ಕೆಲಸದಲ್ಲಿ ಅದು ಅಪರೂಪ. ಜಾಸ್ತಿ ಸಲ ಎಡವಟ್ಟು ಇರುವುದು ನಾವು ಬರೆದ ಷರತ್ತಿನಲ್ಲೇ: ಒಂದಕ್ಕೊಂದು ವಿರೋಧವಾದ ಎರಡು ಸಾಲು ಸೇರಿಕೊಂಡರೆ ಏನು ಕೇಳಿದರೂ 'ಅನ್‌ಸ್ಯಾಟ್'. ಅದಕ್ಕೇ ಮೊದಲು ಬರೀ ಷರತ್ತುಗಳನ್ನಷ್ಟೇ ಕೊಟ್ಟು 'ಸ್ಯಾಟ್' ಬರುತ್ತದಾ ನೋಡಿ. ಬರದಿದ್ದರೆ 'ಅನ್‌ಸ್ಯಾಟ್ ಕೋರ್' ಕೇಳಿ. ಜಗಳ ಯಾವ ಸಾಲುಗಳ ನಡುವೆ ಅಂತ ತೋರಿಸುತ್ತದೆ. ಇದರ ನಿಜವಾದ ಬೆಲೆ ಈ ಒಂದು ಸೌಲಭ್ಯದಲ್ಲೇ ಇದೆ ಅನ್ನುವುದು ನನ್ನ ಅಭಿಪ್ರಾಯ.

ಬೇಜಾರಾಗುವುದು ಮೂರನೇ ಉತ್ತರಕ್ಕೆ: 'ಅನ್‌ನೋನ್', ಅಂದರೆ ಗೊತ್ತಿಲ್ಲ. ಪೂರ್ಣಾಂಕದ ಎರಡು ವೇರಿಯಬಲ್‌ಗಳನ್ನು ಗುಣಿಸಿದಿರೋ, ಎಲ್ಲಾ ಸಂದರ್ಭಕ್ಕೂ ಕೆಲಸ ಮಾಡುವ ಕ್ರಮವೇ ಗಣಿತದಲ್ಲಿಲ್ಲ, ಸಾಲ್ವರ್ ತಾನೆ ಏನು ಮಾಡೀತು? ಆದರೆ ನಿನ್ನೆ ಕ್ಷಣದಲ್ಲಿ ಮುಗಿದದ್ದು, ಸಾಲುಗಳ ಕ್ರಮ ಬದಲಿಸಿದ್ದಕ್ಕೇ ಇವತ್ತು ಗಂಟೆಗಟ್ಟಲೆ ಓಡುವುದೂ ಉಂಟು. ಇದಕ್ಕೆ ಒಗ್ಗಿಕೊಳ್ಳಲು ನನಗೆ ಇನ್ನೂ ಆಗಿಲ್ಲ.

ಪೈಥಾನ್‌ನಲ್ಲಿ ಬಳಸುವವರಿಗೆ ಒಂದು ಮಾತು. ಬಿಟ್‌ವೆಕ್ಟರ್‌ಗಳ (ಇಷ್ಟೇ ಬಿಟ್ ಅಂತ ನಿಗದಿಯಾದ ಸಂಖ್ಯೆಗಳ) ಮೇಲೆ ಮಾಮೂಲಿ 'ಕಡಿಮೆ' ಚಿಹ್ನೆ ಹಾಕಿದರೆ ಮೈನಸ್ ಸಂಖ್ಯೆಗಳನ್ನೂ ಲೆಕ್ಕಕ್ಕೆ ತೆಗೆದುಕೊಂಡು ಹೋಲಿಸುತ್ತದೆ. ಬೇಡವಾದರೆ ಯುಎಲ್‌ಟಿ ಅನ್ನುವ ಫಂಕ್ಷನ್ ಬೇರೆ ಇದೆ. ದುಡ್ಡು ಕೊಡಬೇಕಿಲ್ಲ, 2015ರಿಂದ ಎಂಐಟಿ ಲೈಸೆನ್ಸ್‌ನಲ್ಲಿ ಇದೆ.

ಡಿ ಮೌರಾ 2013ರಲ್ಲಿ ಲೀನ್ ಶುರು ಮಾಡಿದರು, ಗಣಿತದ ಪ್ರೂಫ್‌ಗಳನ್ನು ಬರೆದು ಪರೀಕ್ಷಿಸುವ ಸಾಧನ ಅದು. ಅದರಲ್ಲಿ ಪ್ರತಿಯೊಂದು ಪ್ರೂಫನ್ನೂ ಕರ್ನಲ್ ಅನ್ನುವ ಒಂದು ಚಿಕ್ಕ ತಿರುಳು ಭಾಗ ಮತ್ತೆ ಪರೀಕ್ಷಿಸುತ್ತದೆ. ನಂಬಬೇಕಾದ ಕೋಡ್ ಅಷ್ಟೇ. ಝಡ್3 ಬಳಸಿ ಬಳಸಿ ಸಾಕಾದವರಿಗೆ ಇದು ಯಾಕೆ ಬಂತು ಅಂತ ಹೇಳಬೇಕಾಗಿಲ್ಲ. ಆದರೆ ಸುಮ್ನೆ ಗುಂಡಿ ಒತ್ತಿದರೆ ಉತ್ತರ ಬರುತ್ತದೆ ಅಂದುಕೊಂಡು ಹೋಗಬೇಡಿ, ಪ್ರೂಫಿನ ಹೆಜ್ಜೆಗಳನ್ನು ಬಹುಪಾಲು ನಾವೇ ಬರೆಯಬೇಕು. ನಾನಂತೂ ದೋಷ ಹುಡುಕಲು ಝಡ್3ಯನ್ನೇ ತೆರೆಯುತ್ತೇನೆ. ದೋಷ ಇಲ್ಲವೇ ಇಲ್ಲ ಅಂತ ಬೇರೆಯವರ ಮುಂದೆ ತೋರಿಸಬೇಕಾದಾಗ ಮಾತ್ರ ಲೀನ್, ಅದೂ ಕೈಯಲ್ಲಿ ಸಾಕಷ್ಟು ಸಮಯ ಇದ್ದರೆ.